ಹಾಜರಾಳ ಪಾಟಿ ಸವಾಲು

ಹಾಜರಾ ಸತ್ತ ಮೇಲೆ ಹಿರಿಯ ವಕೀಲರಿಗೆ ಬಿಡುವಾಯಿತು.

ಅವಳು ಬದುಕಿದ್ದಾಗ ಆಗಿರಲಿಲ್ಲ. ಹದಿನಾಲ್ಕು ವಾಯಿದೆಗಳಲ್ಲಿ ಒಂದಕ್ಕೂ ಆಗಿರಲಿಲ್ಲ. ಒಂದು ಸಲ ಅವರು ಬೇರೆ ಕೋರ್ಟಿನಲ್ಲಿದ್ದರು. ಒಂದು ಸಲ ಕಡತ ಕಾರಿನಲ್ಲಿತ್ತು, ಕಾರು ಸರ್ವಿಸಿಗೆ ಹೋಗಿತ್ತು. ಒಂದು ಸಲ ನೆಂಟರ ಮನೆಯ ಮದುವೆ, ಇನ್ನೊಂದು ಸಲ ಅದೇ ನೆಂಟರ ಗೃಹಪ್ರವೇಶ. ಪ್ರತಿ ಸಲವೂ ಅವರ ಜೂನಿಯರ್ ಎದ್ದು ನಿಂತು, ತಲೆ ಬಗ್ಗಿಸಿ ಕಾಲಾವಕಾಶ ಕೇಳುತ್ತಿದ್ದ. ನ್ಯಾಯಾಧೀಶರು ಕ್ಯಾಲೆಂಡರ್ ತಿರುವಿ ಕೊಡುತ್ತಿದ್ದರು. ಕೇಳುವವನಿಗೆ ನಾಚಿಕೆ ಇರಲಿಲ್ಲ. ಕೊಡುವವರಿಗೆ ಬೇಸರ ಇರಲಿಲ್ಲ.

ಹದಿನಾಲ್ಕು ಸಲವೂ ಹಾಜರಾ ಹಿಂದಿನ ಬೆಂಚಿನಲ್ಲಿ ಕೂತಿದ್ದಳು. ಮೂಗಿಗೆ ಪೈಪು, ಕಾಲ ಬಳಿ ಆಕ್ಸಿಜನ್ ಸಿಲಿಂಡರ್. ಅವಳ ಗಂಡ ಲತೀಫ್ ಆಟೋ ಓಡಿಸುವವನು. ಭದ್ರಾವತಿಯಿಂದ ಶಿವಮೊಗ್ಗದ ಕೋರ್ಟಿನವರೆಗೆ ಅವಳನ್ನು ಆಟೋದಲ್ಲಿ ತಂದು, ಸಿಲಿಂಡರನ್ನು ಹೆಗಲಿಗೇರಿಸಿ ಎರಡನೇ ಮಹಡಿಗೆ ಹೊರುತ್ತಿದ್ದ. ಲಿಫ್ಟು ಇತ್ತು. ‘ನ್ಯಾಯಾಧೀಶರಿಗೆ ಮಾತ್ರ’ ಎಂದು ಅದರ ಮೇಲೆ ಬರೆದಿತ್ತು. ಹಾಜರಾ ನಾಲ್ಕು ಮೆಟ್ಟಿಲು ಹತ್ತಿ ಕೂರುವಳು. ಮತ್ತೆ ನಾಲ್ಕು ಹತ್ತುವಳು, ಕೂರುವಳು. ಇಳಿದು ಬರುವ ವಕೀಲರು ಕರೀಕೋಟು ತಾಗದಂತೆ ಅವಳನ್ನು ದಾಟಿ ಹೋಗುವರು. ನೆರೆಮನೆಯ ದುರ್ಗಮ್ಮ ಹಿಂದಿನಿಂದ ಅವಳ ಬೆನ್ನಿಗೆ ಕೈ ಕೊಡುವಳು. ದುರ್ಗಮ್ಮನಿಗೂ ಉಸಿರು ಕಮ್ಮಿ. ಆದರೆ ಹಾಜರಾಳಷ್ಟು ಕಮ್ಮಿಯಲ್ಲ.

‘ದುರ್ಗೀ, ನಾನು ಸತ್ರೆ ಇವ್ರಿಗೆ ಸುಲಭ ಆಗುತ್ತೆ ನೋಡು ಮಾರಾಯ್ತಿ,’ ಎಂದು ಹಾಜರಾ ಹನ್ನೆರಡನೇ ವಾಯಿದೆಯ ದಿನ ಮೆಟ್ಟಿಲ ಮೇಲೆ ಕೂತು ಹೇಳಿದ್ದಳು.

‘ಬಾಯಿ ಮುಚ್ಚು. ಉಸ್ರು ಉಳಿಸ್ಕೋ,’ ಎಂದಿದ್ದಳು ದುರ್ಗಮ್ಮ.

ಇಬ್ಬರೂ ಭದ್ರಾವತಿಯ ಹೊಸಮನೆ ಬಡಾವಣೆಯವರು. ಎರಡು ಮನೆಗಳ ನಡುವೆ ಒಂದು ಚರಂಡಿ, ಅದರ ಮೇಲೊಂದು ಕಲ್ಲುಚಪ್ಪಡಿ. ಹದಿಮೂರು ವರ್ಷ ಒಂದೇ ಬಸ್ಸಿನಲ್ಲಿ ಹೋಗಿ ಶಿವಮೊಗ್ಗ ರಸ್ತೆಯ ಶಿವಶಂಕರಪ್ಪನವರ ಫೌಂಡ್ರಿಯಲ್ಲಿ ದುಡಿದವರು. ಕಾದ ಕಬ್ಬಿಣವನ್ನು ಮರಳಿನ ಅಚ್ಚಿಗೆ ಹೊಯ್ಯುವುದು ಗಂಡಸರ ಕೆಲಸ. ಅಚ್ಚು ಒಡೆದು ಮಾಲು ಹೊರಗೆ ತೆಗೆಯುವುದು ಹೆಂಗಸರ ಕೆಲಸ. ಆರಲಿ ಎಂದು ಕಾಯುವ ಪದ್ಧತಿ ಅಲ್ಲಿರಲಿಲ್ಲ. ಹಾರೆಯಿಂದ ಹೊಡೆದರೆ ಅಚ್ಚು ಬಿರಿಯುತ್ತಿತ್ತು. ಒಳಗಿನ ಮರಳು ಸುಟ್ಟು ಹಿಟ್ಟಾಗಿ ಮುಖಕ್ಕೆ ನುಗ್ಗುತ್ತಿತ್ತು. ಎದುರಿಗೆ ನಿಂತವಳು ಯಾರೆಂದು ಕೆಮ್ಮಿನಿಂದ ಗುರುತಿಸಬೇಕು. ಆ ಮರಳನ್ನು ಬುಟ್ಟಿಗೆ ತುಂಬಿ ತಲೆಯ ಮೇಲೆ ಹೊತ್ತು ಜರಡಿಗೆ ಸುರಿಯಬೇಕು. ಜರಡಿ ಹಿಡಿದು ಅಲ್ಲಾಡಿಸಬೇಕು. ಮತ್ತೆ ಬುಟ್ಟಿ. ದಿನಕ್ಕೆ ಇನ್ನೂರು ಬುಟ್ಟಿ. ಬಾಯಿಗೆ ಕಟ್ಟಿಕೊಳ್ಳಲು ಹಳೇ ಸೀರೆಯ ಚೂರು, ಅದೂ ಮನೆಯಿಂದ ತಂದದ್ದು. ಸಂಜೆ ಉಗುಳಿದರೆ ಕಪ್ಪು.

ಮುಖಕ್ಕೆ ಹಾಕುವ ಮಾಸ್ಕು ಆಫೀಸಿನಲ್ಲಿದ್ದವು. ಯಾರಾದರೂ ದೊಡ್ಡವರು ಫೌಂಡ್ರಿ ನೋಡಲು ಬಂದರೆ ಅವರಿಗೆ ಕೊಡುತ್ತಿದ್ದರು.

ಹೆಂಗಸರು ಒಬ್ಬೊಬ್ಬರಾಗಿ ಕೆಮ್ಮಲು ಶುರು ಮಾಡಿದರು. ಕ್ಷಯ ಎಂದು ಮಾತ್ರೆ ನುಂಗಿದರು. ಮಾತ್ರೆ ಮುಗಿಯಿತು, ಕೆಮ್ಮು ಮುಗಿಯಲಿಲ್ಲ. ಕೊನೆಗೆ ಮಂಗಳೂರಿನ ಒಬ್ಬ ಡಾಕ್ಟರು ಎಕ್ಸ್‌ರೇ ಬೆಳಕಿಗೆ ಹಿಡಿದು, ‘ನಿಮ್ಮ ಶ್ವಾಸಕೋಶದಲ್ಲಿ ಮರಳಿದೆ’ ಎಂದರು. ಅದಕ್ಕೆ ಔಷಧಿ ಇಲ್ಲ ಎಂದೂ ಹೇಳಿದರು. ಎಂಟು ಜನ ಹೆಂಗಸರು ಸೇರಿ ಕೇಸು ಹಾಕಿದರು. ಫೌಂಡ್ರಿಯ ಉತ್ತರ ಒಂದೇ ಸಾಲು: ಈ ಹೆಂಗಸರು ನಮ್ಮ ಗೇಟಿನೊಳಗೆ ಎಂದೂ ಕಾಲಿಟ್ಟಿಲ್ಲ.

ಹಾಜರಾ ಏಳನೇ ಕ್ಲಾಸು ಓದಿದ್ದಳು. ಅವಳ ನೆನಪು ಗಟ್ಟಿ. ಯಾವ ಶೆಡ್ಡಿನಲ್ಲಿ ಯಾವ ಯಂತ್ರ, ಯಾವ ಸೂಪರ್‌ವೈಸರ್ ಯಾವಾಗ ಬಂದ, ಯಾವ ದಿನ ಯಾರ ಕಾಲಿನ ಮೇಲೆ ಮಾಲು ಬಿತ್ತು, ಎಲ್ಲ ಹೇಳುತ್ತಿದ್ದಳು. ಅದಕ್ಕೇ ಅವಳನ್ನು ಮೊದಲನೇ ಸಾಕ್ಷಿ ಮಾಡಿದರು. ಅವಳ ಹೇಳಿಕೆ ಹನ್ನೊಂದು ಪುಟ. ಅದು ಕೋರ್ಟಿಗೆ ಹೋಯಿತು. ಇನ್ನು ಎದುರು ಪಕ್ಷದವರು ಅವಳನ್ನು ಪ್ರಶ್ನಿಸಬೇಕು, ಪಾಟಿ ಸವಾಲು ಮಾಡಬೇಕು. ಆಮೇಲೇ ಆ ಹನ್ನೊಂದು ಪುಟಕ್ಕೆ ಬೆಲೆ. ಫೌಂಡ್ರಿಯ ಪರ ಹಿರಿಯ ವಕೀಲ ಶಿವಯೋಗಿಯವರು ಆ ಪ್ರಶ್ನೆ ಕೇಳಲೇ ಇಲ್ಲ. ಕೇಳಲು ಬಿಡುವಿರಲಿಲ್ಲ.

ಅವರ ಕಕ್ಷಿದಾರ ಶಿವಶಂಕರಪ್ಪನವರಿಗೆ ಬೇಕಾದಷ್ಟು ಬಿಡುವಿತ್ತು. ಎಂಟನೇ ಮತ್ತು ಒಂಬತ್ತನೇ ವಾಯಿದೆಗಳ ನಡುವೆ ಶಿವಮೊಗ್ಗದಲ್ಲಿ ಅವರಿಗೆ ಸನ್ಮಾನ ನಡೆಯಿತು. ಶಾಲು, ಏಲಕ್ಕಿ ಹಾರ, ಹಣ್ಣಿನ ಬುಟ್ಟಿ. ಮೈಕಿನ ಮುಂದೆ ಅವರು ಹೇಳಿದರು: ‘ವಿಷಯ ನ್ಯಾಯಾಲಯದಲ್ಲಿದೆ, ನಾನು ಮಾತಾಡಬಾರದು. ಆದರೂ ಹೇಳ್ತೀನಿ. ಬೀಡಿ ಸೇದಿ, ಹೆಂಡ ಕುಡಿದು ಕ್ಷಯ ತಂದ್ಕೊಂಡು, ಆಮೇಲೆ ಉದ್ಯಮಿಗಳ ಮೇಲೆ ಕೇಸು ಹಾಕೋ ಗುಂಪು ನಮ್ಮ ಜಿಲ್ಲೇಲಿ ಹುಟ್ಕೊಂಡಿದೆ. ನನಗೆ ನ್ಯಾಯಾಲಯದ ಮೇಲೆ ಪೂರ್ಣ ನಂಬಿಕೆ ಇದೆ. ತೀರ್ಪು ಏನು ಬರುತ್ತೆ ಅಂತ ನನಗೆ ಗೊತ್ತಿದೆ.’

ಜನ ಚಪ್ಪಾಳೆ ತಟ್ಟಿದರು. ಮರುದಿನ ಪೇಪರಿನಲ್ಲಿ ಫೋಟೋ ಸಮೇತ ಬಂತು.

ಹೊಸಮನೆಯಲ್ಲಿ ನಲ್ಲಿಯ ಹತ್ತಿರ ಹೆಂಗಸರು ಹಾಜರಾಳನ್ನು ಕೇಳಿದರು, ‘ಹೌದೇನೇ, ಬೀಡಿ ಸೇದ್ತಿದ್ಯಾ?’ ಐದು ಹೊತ್ತು ನಮಾಜು ಮಾಡುವವಳು. ಅವಳು ಬಿಂದಿಗೆ ಅಲ್ಲೇ ಬಿಟ್ಟು ಮನೆಗೆ ಬಂದಳು. ಮೂರು ದಿನ ಹೊರಗೆ ಬರಲಿಲ್ಲ.

ಹೆಂಗಸರ ಪರ ವಕೀಲ ಯೋಗರಾಜ್, ಮೂವತ್ತೈದು ದಾಟಿರದ ಹುಡುಗ. ಅವನು ಆ ಪೇಪರನ್ನು ನ್ಯಾಯಾಧೀಶರ ಮುಂದಿಟ್ಟ. ‘ಕೇಸು ನಡೀತಿರುವಾಗ ಪ್ರತಿವಾದಿ ತೀರ್ಪನ್ನೇ ಹೇಳ್ತಿದ್ದಾರೆ ಸ್ವಾಮಿ,’ ಎಂದ.

ನ್ಯಾಯಾಧೀಶರು ಪೇಪರ್ ಮುಟ್ಟಲಿಲ್ಲ. ‘ಪೇಪರ್‌ನಲ್ಲಿ ಬರೋದೆಲ್ಲ ಓದ್ತಾ ಕೂತ್ರೆ ಕೋರ್ಟ್ ನಡೆಯುತ್ತೇನ್ರಿ? ಮುಂದಿನ ಕೇಸು,’ ಎಂದರು.

ಹದಿನಾಲ್ಕನೇ ವಾಯಿದೆಯಾಗಿ ಒಂಬತ್ತು ದಿನಕ್ಕೆ ಹಾಜರಾ ಸತ್ತಳು. ಇಳಿಹೊತ್ತಿನ ಅಸರ್ ನಮಾಜಿಗೆ ಕೈಕಾಲು ತೊಳೆದು ವುಜೂ ಮಾಡಲು ಎದ್ದವಳು ಗೋಡೆ ಹಿಡಿದು ಕುಸಿದಳು. ಸ್ನಾನ ಮಾಡಿಸುವಾಗ ದುರ್ಗಮ್ಮ ಬಾಗಿಲ ಹೊರಗೆ ಕೂತಿದ್ದಳು. ಒಳಗಿನಿಂದ ಬಂದ ಹೆಂಗಸೊಬ್ಬಳು, ‘ಮೈಯಲ್ಲಿ ಏನೂ ಇಲ್ಲಮ್ಮ, ಬರೀ ಎಲುಬು,’ ಎಂದಳು. ಅವಳಿಗಿಂತ ಮುಂಚೆ ಹೋದ ಇಬ್ಬರನ್ನೂ ಸೇರಿಸಿ ಎಂಟರಲ್ಲಿ ಮೂವರು ಹೋದರು. ಉಳಿದವರು ಐವರು.

ಹದಿನೈದನೇ ವಾಯಿದೆಗೆ ಶಿವಯೋಗಿಯವರು ಹತ್ತು ಮುಕ್ಕಾಲಿಗೇ ಬಂದು ಕೂತಿದ್ದರು. ಬಿಳೀ ಕಾಲರು ಇಸ್ತ್ರಿ ಮಾಡಿತ್ತು. ಕೇಸು ಕೂಗಿದಾಗ ತಾವೇ ಎದ್ದರು. ಸಾಕ್ಷಿ ತೀರಿಕೊಂಡಿರುವುದು ಬಹಳ ವಿಷಾದದ ಸಂಗತಿ ಎಂದರು. ಆದರೆ ಪಾಟಿ ಸವಾಲು ಆಗಿಲ್ಲವಾದ್ದರಿಂದ ಆಕೆಯ ಹೇಳಿಕೆಯನ್ನು ಪರಿಗಣಿಸಬಾರದು ಎಂದರು. ಯೋಗರಾಜ್ ವಾದಿಸಿದ. ತಪ್ಪು ಸಾಕ್ಷಿಯದಲ್ಲ, ಮುಂದೂಡಿದವರದ್ದು ಎಂದ. ನ್ಯಾಯಾಧೀಶರು ಕೇಳಿಸಿಕೊಂಡರು. ಊಟದ ಹೊತ್ತಿಗೆ ಮುಂಚೆ ಆದೇಶ ಬರೆಸಿದರು. ಹಾಜರಾಳ ಹನ್ನೊಂದು ಪುಟ ಹೋಯಿತು. ಹದಿನಾಲ್ಕು ವಾಯಿದೆ ಬೇಕಾಗಿದ್ದ ಕೆಲಸ ಇಪ್ಪತ್ತು ನಿಮಿಷದಲ್ಲಿ ಮುಗಿಯಿತು.

ಆ ದಿನ ಗೇಟಿನ ಹತ್ತಿರ ಮಧುಶ್ರೀ ಇದ್ದಳು. ಮೊಬೈಲಿನಲ್ಲೇ ಸುದ್ದಿ ಮಾಡುವ ಹುಡುಗಿ. ಶಂಕರಘಟ್ಟದ ಯುನಿವರ್ಸಿಟಿಯಲ್ಲಿ ಪತ್ರಿಕೋದ್ಯಮ ಓದಿ ಬಂದಿದ್ದಳು, ಅವಳ ಯೂಟ್ಯೂಬ್ ಚಾನೆಲನ್ನು ಎರಡು ಊರಿನಲ್ಲೂ ಜನ ನೋಡುತ್ತಿದ್ದರು. ‘ಏನಾಯ್ತಮ್ಮ ಒಳಗೆ?’ ಎಂದು ಮೊಬೈಲ್ ಹಿಡಿದಳು.

ದುರ್ಗಮ್ಮ ಕೂಗಾಡಲಿಲ್ಲ. ಕೂಗಲು ಅವಳಲ್ಲಿ ಉಸಿರಿರಲಿಲ್ಲ.

‘ಹಾಜರಾ ಅರ್ಧ ಸತ್ತಿದ್ದು ಮರಳಿಂದ. ಇನ್ನರ್ಧ ವಾಯಿದೆಯಿಂದ. ಫೌಂಡ್ರಿಯವ್ರು ಉಸ್ರು ತೆಗ್ದ್ರು. ಕೋರ್ಟು ಮಾತು ತೆಗೀತು. ಸಾಯ್ಲಿ ಅಂತ ಕಾಯ್ತಾ ಕೂತಿದ್ರು, ಸತ್ಳು, ಆಯ್ತು. ಇದನ್ನ ನ್ಯಾಯ ಅಂತ ಓದಿದೋರು ಕರೀಬಹುದು. ನನ್ನ ಬಾಯಲ್ಲಿ ಬರಲ್ಲ.’

ಅಷ್ಟೇ. ಒಂದು ನಿಮಿಷವೂ ಆಗಲಿಲ್ಲ. ಎರಡು ಲಕ್ಷ ಜನ ನೋಡಿದರು.

ಪೇಪರ್ ಓದಲು ಸಮಯವಿಲ್ಲದ ಕೋರ್ಟಿಗೆ ವಿಡಿಯೋ ನೋಡಲು ಸಮಯವಾಯಿತು. ಶಿವಯೋಗಿಯವರು ಅದನ್ನು ಪೆನ್‌ಡ್ರೈವಿನಲ್ಲಿ ಹಾಕಿ, ಪ್ರತಿ ಶಬ್ದವನ್ನೂ ಇಂಗ್ಲಿಷಿಗೆ ಮಾಡಿಸಿ ಕೊಟ್ಟರು. ಅದಕ್ಕೆ ಅವರು ಒಂದು ವಾಯಿದೆಯನ್ನೂ ಕೇಳಲಿಲ್ಲ. ಇಲ್ಲಿಂದ ಕಾಗದ ಬೆಂಗಳೂರಿನ ದೊಡ್ಡ ಕೋರ್ಟಿಗೆ ಹೋಯಿತು. ಅಲ್ಲಿಂದ ನೋಟಿಸು ಬಂತು.

ನೋಟಿಸು ತಂದವನು ಕೋರ್ಟಿನ ಅಮೀನ ಪುಟ್ಟಪ್ಪ. ಜೊತೆಗೊಬ್ಬ ಪೊಲೀಸು. ಇಡೀ ಬೀದಿ ಬಾಗಿಲಿಗೆ ಬಂತು. ದುರ್ಗಮ್ಮನ ಗಂಡ ಮಂಜಪ್ಪ ಮಂಡಿಯಲ್ಲಿ ಮೂಟೆ ಹೊರುವವನು, ಆಗಷ್ಟೇ ಬಂದು ಕಾಲು ತೊಳೆಯುತ್ತಿದ್ದ. ಪೊಲೀಸನ್ನು ನೋಡಿ ಕೈಯ ಚೊಂಬು ಬಿಟ್ಟ.

‘ಏನು ತಪ್ಪು ಮಾಡಿದಾಳೆ ಸ್ವಾಮಿ?’

‘ನ್ಯಾಯಾಂಗ ನಿಂದನೆ,’ ಎಂದ ಪುಟ್ಟಪ್ಪ. ಅವನಿಗೂ ಅದಕ್ಕಿಂತ ಹೆಚ್ಚು ಗೊತ್ತಿರಲಿಲ್ಲ. ‘ಇಲ್ಲಿ ಸಹಿ ಮಾಡಮ್ಮ.’

ದುರ್ಗಮ್ಮ ಸಹಿ ಮಾಡಿದಳು. ಹೆಸರು ಬರೆಯಲು ಅವಳಿಗೆ ಹಾಜರಾ ಕಲಿಸಿದ್ದಳು, ಫೌಂಡ್ರಿಯ ಊಟದ ಹೊತ್ತಿನಲ್ಲಿ, ಮರಳಿನ ಮೇಲೆ ಬೆರಳಿಟ್ಟು.

ಮರುದಿನ ಲತೀಫ್ ಅವಳನ್ನು ಯೋಗರಾಜನ ಆಫೀಸಿಗೆ ಕರೆದುಕೊಂಡು ಹೋದ. ಯೋಗರಾಜ್ ನೋಟಿಸನ್ನು ಎರಡು ಸಲ ಓದಿದ. ಮುಖ ಒರೆಸಿಕೊಂಡ.

‘ದುರ್ಗಮ್ಮ, ಕೇಸು ನಡೀತಿರುವಾಗ ಹೊರಗೆ ನಿಂತು ಕೋರ್ಟಿನ ಬಗ್ಗೆ ಹಂಗೆಲ್ಲ ಮಾತಾಡಬಾರದು.’

‘ಶಿವಶಂಕರಪ್ಪ ಮಾತಾಡಿದ್ರಲ್ಲ ಸಾರ್?’

‘ಅವರು ಕೋರ್ಟಿನ ಮೇಲೆ ನಂಬಿಕೆ ಇದೆ ಅಂದ್ರು. ನೀವು ಇಲ್ಲ ಅಂದ್ರಿ.’

‘ನಮ್ಮನ್ನ ಬೀಡಿ ಸೇದೋರು, ಕುಡಿಯೋರು ಅಂದ್ರು.’

‘ಅದು ನಿಮ್ಮ ನಿಂದನೆ. ಇದು ಕೋರ್ಟಿನ ನಿಂದನೆ.’

‘ನಮ್ಮ ನಿಂದನೆಗೆ ನೋಟಿಸು ಬರಲ್ವಾ?’

ಯೋಗರಾಜ್ ಫ್ಯಾನಿನ ಗಾಳಿಗೆ ಹಾರುತ್ತಿದ್ದ ಕಾಗದದ ಮೇಲೆ ಮೊಬೈಲ್ ಇಟ್ಟ.

ವಾರದಲ್ಲಿ ಮಧುಶ್ರೀ ಹೊಸಮನೆಗೆ ಬಂದಳು. ಒಳಗೆ ಬರಲಿಲ್ಲ, ಹೊಸ್ತಿಲ ಹೊರಗೇ ನಿಂತಳು. ಅವಳಿಗೂ ನೋಟಿಸು ಬಂದಿತ್ತು. ವಿಡಿಯೋ ತೆಗೆದು ಹಾಕಿ, ಕ್ಷಮೆ ಕೇಳಿ ಅಫಿಡವಿಟ್ಟು ಕೊಟ್ಟು ಬಂದಿದ್ದಳು.

‘ಅಪ್ಪಂಗೆ ಸರ್ಕಾರಿ ನೌಕರಿ ಅಮ್ಮ. ಮನೇಲಿ ಅಳ್ತಿದ್ರು. ನಾನು...’

‘ಆಯ್ತು ಬಿಡು,’ ಎಂದಳು ದುರ್ಗಮ್ಮ. ‘ನೀನು ಮೊಬೈಲ್ ಹಿಡಿದೆ. ಮಾತು ನಿಂದಲ್ಲ. ನಿನ್ನ ಕ್ಷಮೆ ನೀನು ಕೇಳ್ದೆ. ಕಾಫಿ ಕುಡೀತೀಯಾ?’

ಹುಡುಗಿ ಕುಡಿಯದೆ ಹೋದಳು.

ಮಂಜಪ್ಪ ದಿನಾ ಹೇಳಿದ. ಉಣ್ಣುವಾಗ ಹೇಳಿದ, ಎದ್ದಾಗ ಹೇಳಿದ. ‘ಒಂದು ಮಾತು ತಾನೇ. ತಪ್ಪಾಯ್ತು ಅಂದ್ಬಿಡು. ಏನು ಹೋಗುತ್ತೆ ನಿಂದು? ನಾವು ದಿನಾ ಎಷ್ಟು ಜನಕ್ಕೆ ಅಂತೀವಿ.’

‘ಅದಕ್ಕೇ,’ ಎಂದಳು ದುರ್ಗಮ್ಮ. ‘ಮೇಸ್ತ್ರಿ ಕಾಲು ತುಳಿದ್ರೆ ನಾನೇ ತಪ್ಪಾಯ್ತು ಅಂದಿದೀನಿ. ಬಸ್ಸಲ್ಲಿ ಬುಟ್ಟಿ ತಾಗಿದ್ರೆ ಅಂದಿದೀನಿ. ಆಸ್ಪತ್ರೇಲಿ ಕೆಮ್ಮಿದ್ದಕ್ಕೆ ಅಂದಿದೀನಿ. ಇದಕ್ಕೆ ಅನ್ನಲ್ಲ.’

‘ಜೈಲಿಗೆ ಹಾಕ್ತಾರೆ ಕಣೇ.’

‘ಹಾಕ್ಲಿ. ಅಲ್ಲಿ ಮರಳು ಹೊರ್ಸಲ್ಲ ಅಲ್ವಾ?’

ಬೆಂಗಳೂರಿಗೆ ಹೋಗುವ ಹಿಂದಿನ ದಿನ ಯೋಗರಾಜ್ ಒಂದು ಕಾಗದ ತಂದ. ಒಂದೂವರೆ ಪುಟ. ಓದಿ ಹೇಳಿದ: ನಾನು ಅವಿದ್ಯಾವಂತೆ, ತಿಳಿವಳಿಕೆ ಇಲ್ಲದೆ, ಇತರರ ಪ್ರಚೋದನೆಯಿಂದ, ಸತ್ಯವಲ್ಲದ ಮಾತುಗಳನ್ನು ಆಡಿದ್ದೇನೆ. ಘನ ನ್ಯಾಯಾಲಯದಲ್ಲಿ ಬೇಷರತ್ ಕ್ಷಮೆ ಯಾಚಿಸುತ್ತೇನೆ.

‘ಯಾವುದು ಸತ್ಯ ಅಲ್ಲ?’ ಎಂದಳು ದುರ್ಗಮ್ಮ.

‘ಹಂಗೆ ಬರೀಬೇಕು. ಅದೊಂದು ಪದ್ಧತಿ.’

‘ಹದಿನಾಲ್ಕು ವಾಯಿದೆ ಆಗಿದ್ದು ಸುಳ್ಳಾ? ಹಾಜರಾ ಸತ್ತಿದ್ದು ಸುಳ್ಳಾ? ಅವಳ ಹೇಳಿಕೆ ಕಿತ್ತು ಹಾಕಿದ್ದು ಸುಳ್ಳಾ? ನೀವೂ ಅಲ್ಲೇ ಇದ್ರಿ.’

‘ಇದ್ದೆ. ಆದ್ರೆ ನೋಡಿ, ನಮ್ಮ ಮೇನ್ ಕೇಸು ಇನ್ನೂ ಬಾಕಿ ಇದೆ. ಐದು ಜನ ಉಳಿದಿದೀರಿ. ಕೋರ್ಟಿನ ಮನಸ್ಸು ಕೆಡಿಸ್ಕೊಂಡ್ರೆ ನಿಮಗೇ ನಷ್ಟ.’

‘ಅಂದ್ರೆ ಕೋರ್ಟು ಮನಸ್ಸು ನೋಡಿ ನ್ಯಾಯ ಕೊಡುತ್ತೆ ಅಂತ ನೀವೇ ಹೇಳ್ತಿದೀರಿ. ನಿಮಗೆ ನೋಟಿಸು ಬರಲ್ವಾ ಸಾರ್?’

ಬಾಗಿಲಲ್ಲಿ ನಿಂತಿದ್ದ ಲತೀಫ್ ನಕ್ಕುಬಿಟ್ಟ. ಹಾಜರಾ ಸತ್ತ ಮೇಲೆ ಅವನು ನಕ್ಕಿದ್ದು ಅದೇ ಮೊದಲು. ಯೋಗರಾಜ್ ನಗಲಿಲ್ಲ. ಪೆನ್ನು ಮುಂದೆ ಹಿಡಿದೇ ಕೂತಿದ್ದ. ದುರ್ಗಮ್ಮ ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡಳು.

‘ಈ ಕೈ ಅದಕ್ಕೆ ಸಹಿ ಹಾಕಲ್ಲ.’

ಬೆಳಗಿನ ರೈಲಿನಲ್ಲಿ ದುರ್ಗಮ್ಮ, ಯೋಗರಾಜ್, ಲತೀಫ್ ಮೂವರೂ ಹೋದರು. ದೊಡ್ಡ ಕೋರ್ಟಿನ ಗೇಟಿನಲ್ಲಿ ಪಾಸು, ಒಳಗೆ ಇನ್ನೊಂದು ಪಾಸು. ದುರ್ಗಮ್ಮನ ಕೈಚೀಲದಿಂದ ನೀರಿನ ಬಾಟಲಿ ತೆಗೆಸಿದರು. ಹಾಲಿನಲ್ಲಿ ಎಲ್ಲರೂ ಪಿಸುಮಾತಿನಲ್ಲಿ ಮಾತಾಡುತ್ತಿದ್ದರು. ಅವಳಿಗೆ ಕೆಮ್ಮು ಬಂತು. ತಡೆದಳು. ತಡೆದಷ್ಟೂ ಎದೆ ಉರಿಯಿತು. ಒಬ್ಬ ದಫೇದಾರ ಬಂದು, ‘ಕೆಮ್ಮೋದಾದ್ರೆ ಹೊರಗೆ ಹೋಗಮ್ಮ’ ಎಂದ. ಹೊರಗೆ ಹೋದರೆ ತನ್ನ ಹೆಸರು ಕೂಗಿಬಿಟ್ಟಾರು ಎಂದು ಸೆರಗು ಬಾಯಿಗೆ ತುರುಕಿಕೊಂಡು ಎರಡೂವರೆ ಗಂಟೆ ನಿಂತಳು. ಹೇಳಬೇಕಾದ್ದನ್ನು ಮನಸ್ಸಿನಲ್ಲಿ ಜೋಡಿಸಿಟ್ಟುಕೊಂಡಿದ್ದಳು. ಕೇಳಿದರೆ ಹೇಳುವುದು. ಕೇಳದಿದ್ದರೂ ಹೇಳುವುದು.

ನಂಬರು ಕೂಗಿದರು. ಯೋಗರಾಜ್ ಮುಂದೆ ಹೋದ. ಅವಳನ್ನು ಪಕ್ಕಕ್ಕೆ ನಿಲ್ಲಿಸಿಕೊಂಡ. ಎತ್ತರದಲ್ಲಿ ಇಬ್ಬರು ನ್ಯಾಯಮೂರ್ತಿಗಳು. ಯೋಗರಾಜ್ ಇಂಗ್ಲಿಷಿನಲ್ಲಿ ಏನೋ ಹೇಳಿದ. ‘ಪೂರ್ ಲೇಡಿ’ ಎಂಬುದೊಂದು ಅವಳಿಗೆ ಅರ್ಥವಾಯಿತು. ಒಬ್ಬರು ಕನ್ನಡಕದ ಮೇಲಿಂದ ಅವಳನ್ನು ನೋಡಿದರು. ದುರ್ಗಮ್ಮ ಕೈ ಎತ್ತಿದಳು. ಯೋಗರಾಜ್ ಅವಳ ಮೊಣಕೈ ಒತ್ತಿ ಹಿಡಿದ. ಇನ್ನೊಬ್ಬರು ನಾಲ್ಕು ಸಾಲು ಬರೆಸಿದರು. ಮುಂದಿನ ನಂಬರು ಕೂಗಿದರು.

ಹೊರಗೆ ಬಂದ ಮೇಲೆ ಕೇಳಿದಳು, ‘ಏನಂದ್ರಿ ಸಾರ್?’

‘ವಯಸ್ಸಾಗಿದೆ, ಕಾಯಿಲೆ ಇದೆ, ಬಿಟ್ಬಿಡಿ ಅಂದೆ. ಬಿಟ್ರು. ಮುಗೀತು.’

‘ಕ್ಷಮೆ ಕೇಳಿದ್ರಾ?’

‘ಅದೆಲ್ಲ ಬರಲಿಲ್ಲ.’ ಅವನು ಅವಳ ಮುಖ ನೋಡದೆ ವಾಚು ನೋಡಿದ. ‘ನಡೀರಿ, ಇಡ್ಲಿ ತಿನ್ನೋಣ. ರೈಲಿಗೆ ಹೊತ್ತಾಯ್ತು.’

ದುರ್ಗಮ್ಮ ನಂಬಿದಳು. ಊರಿಗೆ ಬಂದು ಮಂಜಪ್ಪನಿಗೆ ಹೇಳಿದಳು, ‘ನೋಡ್ದ್ಯಾ, ತಪ್ಪಾಯ್ತು ಅನ್ನದೇ ಬಂದೆ.’

ನಾಲ್ಕು ತಿಂಗಳ ಮೇಲೆ ಸಾಕ್ಷಿ ಹೇಳುವ ಸರದಿ ಅವಳದಾಯಿತು. ಈಗ ಅವಳಿಗೂ ಮೆಟ್ಟಿಲಿಗೆ ಕೂತು ಕೂತು ಹತ್ತುವ ಗತಿ ಬಂದಿತ್ತು. ಲತೀಫ್ ಬೆನ್ನಿಗೆ ಕೈ ಕೊಟ್ಟ. ಅವನ ಕೇಸಿರಲಿಲ್ಲ, ಅವನ ಹೆಂಡತಿ ಇರಲಿಲ್ಲ, ಆದರೂ ಒಂದು ವಾಯಿದೆಯನ್ನೂ ತಪ್ಪಿಸಿರಲಿಲ್ಲ.

ಆ ದಿನ ಶಿವಯೋಗಿಯವರು ಹಾಜರಿದ್ದರು. ಶಿವಶಂಕರಪ್ಪನವರೂ ಬಂದು ಮುಂದಿನ ಕುರ್ಚಿಯಲ್ಲಿ ಕೂತಿದ್ದರು. ದುರ್ಗಮ್ಮ ಕಟಕಟೆ ಹತ್ತಿದಳು. ದೇವರ ಮೇಲೆ ಪ್ರಮಾಣ ಮಾಡಿಸಿದರು. ಸತ್ಯವನ್ನೇ ಹೇಳುತ್ತೇನೆ, ಸತ್ಯವನ್ನಲ್ಲದೆ ಬೇರೇನೂ ಹೇಳುವುದಿಲ್ಲ.

‘ಫೌಂಡ್ರಿಯವ್ರು ನಿಮಗೆ ನೇಮಕಾತಿ ಪತ್ರ ಕೊಟ್ಟಿದ್ರೇನಮ್ಮ?’ ಎಂದು ಶಿವಯೋಗಿಯವರು ಶುರು ಮಾಡಿದರು.

‘ಬುಟ್ಟಿ ಕೊಟ್ಟಿದ್ರು.’

‘ಪತ್ರ?’

‘ಇಲ್ಲ.’

‘ನೀವು ಬೀಡಿ ಸೇದ್ತೀರಿ.’

‘ಇಲ್ಲ.’

‘ಕುಡೀತೀರಿ.’

‘ಇಲ್ಲ. ನೀವು?’

‘ಕೇಳಿದ್ದಕ್ಕೆ ಮಾತ್ರ ಉತ್ತರ ಹೇಳಬೇಕು,’ ಎಂದರು ನ್ಯಾಯಾಧೀಶರು. ಟೈಪಿಸ್ಟ್ ಎಲ್ಲವನ್ನೂ ಕುಟ್ಟುತ್ತಿದ್ದ.

ಶಿವಯೋಗಿಯವರು ಮೇಜಿನಿಂದ ಒಂದು ಕಾಗದ ಎತ್ತಿದರು. ಅವರ ದನಿ ಮೆತ್ತಗಾಯಿತು. ‘ಈ ನ್ಯಾಯಾಲಯದ ಬಗ್ಗೆ ನೀವು ಸುಳ್ಳು ಹೇಳಿದ್ರಿ. ಆಮೇಲೆ ಬೆಂಗಳೂರಿಗೆ ಹೋಗಿ, ನಾನು ಹೇಳಿದ್ದು ಸತ್ಯವಲ್ಲ ಅಂತ ಒಪ್ಪಿ, ಬೇಷರತ್ ಕ್ಷಮೆ ಕೇಳಿ ಬಂದ್ರಿ. ಇದೇ ಆ ಆದೇಶ. ಅಂದ್ರೆ ನೀವು ಸುಳ್ಳು ಹೇಳೋರು ಅಂತ ನೀವೇ ಒಪ್ಕೊಂಡಿದೀರಿ. ಸರಿ ತಾನೆ?’

ದುರ್ಗಮ್ಮ ಯೋಗರಾಜನ ಕಡೆ ನೋಡಿದಳು. ಅವನು ಕಡತದ ದಾರ ಬಿಚ್ಚುತ್ತಿದ್ದ. ಬಿಚ್ಚಿದ್ದನ್ನೇ ಕಟ್ಟುತ್ತಿದ್ದ. ಅವಳಿಗೆ ಗೊತ್ತಾಯಿತು. ಅವತ್ತು ಮೊಣಕೈ ಒತ್ತಿದ್ದು ಯಾಕೆಂದು ಗೊತ್ತಾಯಿತು. ಫೌಂಡ್ರಿ ಉಸಿರು ತೆಗೆಯಿತು, ಇಲ್ಲಿ ಹಾಜರಾಳ ಮಾತು ತೆಗೆದರು, ಅಲ್ಲಿ ತನ್ನ ಬಾಯಿಗೆ ಬೇರೆ ಮಾತು ತುಂಬಿ ಕಳಿಸಿದರು. ಅದೂ ತನ್ನ ಕಡೆಯವನೇ.

ಶಿವಶಂಕರಪ್ಪನವರು ಕಾಲ ಮೇಲೆ ಕಾಲು ಹಾಕಿಕೊಂಡರು.

‘ಇಲ್ಲ,’ ಎಂದಳು ದುರ್ಗಮ್ಮ.

‘ಏನಿಲ್ಲ?’

‘ನಾನು ಕ್ಷಮೆ ಕೇಳಿಲ್ಲ.’

‘ಆದೇಶದಲ್ಲಿದೆಯಲ್ಲಮ್ಮ.’

‘ಆದೇಶದಲ್ಲಿರಬಹುದು. ನನ್ನ ಬಾಯಲ್ಲಿ ಬಂದಿಲ್ಲ. ನಾನು ಸಹಿ ಹಾಕಿರೋ ಕಾಗದ ತೋರ್ಸಿ.’

ಕಾಗದ ಇರಲಿಲ್ಲ. ಶಿವಯೋಗಿಯವರ ಕಿವಿ ಕೆಂಪಾಯಿತು. ಮೂವತ್ತು ವರ್ಷದಿಂದ ಅವರ ಮುಂದೆ ಕೂಲಿಯವರು ಎರಡನೇ ಪ್ರಶ್ನೆಗೇ ಮುದುಡಿಕೊಳ್ಳುತ್ತಿದ್ದರು. ಸಿಟ್ಟಿನಲ್ಲಿ ಅವರು ಕೇಳಬಾರದ್ದನ್ನು ಕೇಳಿದರು.

‘ಹಾಗಾದ್ರೆ ಅವತ್ತು ಗೇಟಲ್ಲಿ ನಿಂತು ಏನು ಹೇಳಿದ್ರಿ? ಇಲ್ಲಿ ಹೇಳಿ ನೋಡೋಣ, ನ್ಯಾಯಾಧೀಶರ ಮುಂದೆ.’

‘ಹೇಳ್ತೀನಿ. ಬರ್ಕೊಳ್ಳಿ.’

ದುರ್ಗಮ್ಮ ಹೇಳಿದಳು. ಐದು ಮಾತಿಗೊಮ್ಮೆ ಉಸಿರು ಕಟ್ಟುತ್ತಿತ್ತು. ಕಟಕಟೆಯ ಕಂಬಿ ಹಿಡಿದು ನಿಲ್ಲುವಳು, ಮತ್ತೆ ಹೇಳುವಳು. ಅಲ್ಲಿಯವರೆಗೆ ಕೋರ್ಟು ಕಾಯಬೇಕಾಯಿತು. ಹಾಜರಾ ಹದಿಮೂರು ವರ್ಷ ಯಾವ ಶೆಡ್ಡಿನಲ್ಲಿ ಅಚ್ಚು ಒಡೆದಳು ಎಂದು ಹೇಳಿದಳು. ಯಾವ ಸೂಪರ್‌ವೈಸರ್ ಕೆಳಗೆ, ಎಷ್ಟು ಬುಟ್ಟಿ, ಮಾಸ್ಕು ಯಾರಿಗೆ ಕೊಡುತ್ತಿದ್ದರು ಎಂದು ಹೇಳಿದಳು. ಹದಿನಾಲ್ಕು ಸಲ ಈ ಮೆಟ್ಟಿಲು ಹತ್ತಿ ಆ ಬೆಂಚಿನಲ್ಲಿ ಕೂತಿದ್ದಳು ಎಂದು ಬೆರಳು ತೋರಿಸಿದಳು. ‘ನೀವು ಬರಲಿಲ್ಲ. ಅವ್ರು ದಿನ ಕೊಟ್ರು. ಅವಳು ಸತ್ಳು. ಸತ್ತ ದಿನದಿಂದ ನೀವು ಒಂದು ಸಲನೂ ತಪ್ಪಿಸ್ಕೊಂಡಿಲ್ಲ. ಅದನ್ನೇ ಹೇಳಿದ್ದು. ಅದು ನಿಜ. ಈಗ್ಲೂ ಹೇಳ್ತೀನಿ.’

‘ಇದು ದಾಖಲಾಗಬಾರದು ಸ್ವಾಮಿ,’ ಎಂದು ಶಿವಯೋಗಿಯವರು ಕೈ ಎತ್ತಿದರು. ‘ಸತ್ತ ಸಾಕ್ಷಿಯ ಹೇಳಿಕೆಯನ್ನ ಈಕೆ ಹಿಂಬಾಗಿಲಿಂದ ತರ್ತಿದ್ದಾಳೆ.’

ಟೈಪಿಸ್ಟನ ಬೆರಳು ನಿಂತವು. ಅವನು ನ್ಯಾಯಾಧೀಶರನ್ನು ನೋಡಿದ. ಆಗ ಯೋಗರಾಜ್ ಎದ್ದ.

‘ಪ್ರಶ್ನೆ ಕೇಳಿದ್ದು ಅವರೇ ಸ್ವಾಮಿ. ಇವರು ಫೌಂಡ್ರಿಯಲ್ಲಿ ಕಣ್ಣಾರೆ ಕಂಡಿದ್ದನ್ನ ಹೇಳ್ತಿದ್ದಾರೆ. ಉತ್ತರ ಪೂರ್ತಿ ದಾಖಲಾಗಬೇಕು.’ ಅವನು ದುರ್ಗಮ್ಮನ ಕಡೆ ತಿರುಗಿದ. ‘ಇನ್ನೊಂದು ವಿಷಯ. ಬೆಂಗಳೂರಿನಲ್ಲಿ ಕ್ಷಮೆ ಕೇಳಿದ್ದು ನಾನು. ಇವರು ಬೇಡ ಅಂದಿದ್ರು. ಇವರಿಗೆ ತಿಳಿಸದೆ ಕೇಳಿದೆ. ಅದನ್ನ ಬರೆದು ಮೆಮೋ ಕೊಡ್ತೀನಿ.’

‘ವಕೀಲರೇ, ಇದರ ಪರಿಣಾಮ ಗೊತ್ತಿದೆಯಾ ನಿಮಗೆ?’ ಎಂದರು ನ್ಯಾಯಾಧೀಶರು. ‘ನಿಮ್ಮ ವಕೀಲಿ ಸನ್ನದಿನ ಪ್ರಶ್ನೆ ಬರುತ್ತೆ.’

‘ಗೊತ್ತಿದೆ ಸ್ವಾಮಿ.’

ನ್ಯಾಯಾಧೀಶರು ದುರ್ಗಮ್ಮನ ಕಡೆ ತಿರುಗಿದರು. ‘ನೋಡಮ್ಮ, ಇದೇ ಮಾತಿಗೆ ಮತ್ತೆ ನೋಟಿಸು ಬರಬಹುದು. ಬೇಕಾದ್ರೆ ಈಗಲೂ ಹಿಂದೆ ತಗೋಬಹುದು.’

‘ನಿಜ ಹೇಳು ಅಂತ ಪ್ರಮಾಣ ಮಾಡ್ಸಿದ್ದು ನೀವೇ ಸ್ವಾಮಿ. ನೋಟಿಸು ಕಳ್ಸಿ. ಹೊಸಮನೇಲೇ ಇರ್ತೀನಿ.’

ನ್ಯಾಯಾಧೀಶರು ಪೆನ್ನಿನ ತುದಿಯನ್ನು ಮೇಜಿಗೆ ಒತ್ತಿದರು. ಆಮೇಲೆ ಟೈಪಿಸ್ಟನಿಗೆ, ‘ತಗೊಳ್ರಿ’ ಎಂದರು. ಅವರೇ ಬರೆಸಿದರು. ಕೋರ್ಟಿನ ಕನ್ನಡದಲ್ಲಿ ಅದು ಹೀಗೆ ಬಂತು: ‘ನಾನು ಸುಳ್ಳು ಹೇಳಿದ್ದೇನೆಂದು ಒಪ್ಪಿ ಕ್ಷಮೆ ಕೇಳಿರುತ್ತೇನೆ ಎಂದರೆ ಸರಿಯಲ್ಲ. ಹಾಜರಾ ನನ್ನೊಂದಿಗೆ ಹದಿಮೂರು ವರ್ಷ ಸದರಿ ಫೌಂಡ್ರಿಯಲ್ಲಿ ಕೆಲಸ ಮಾಡಿರುತ್ತಾಳೆ. ಆಕೆಯು ಹದಿನಾಲ್ಕು ವಾಯಿದೆಗಳಿಗೆ ಹಾಜರಿದ್ದು, ಪಾಟಿ ಸವಾಲು ಆಗದೆ ಮೃತಪಟ್ಟಿರುತ್ತಾಳೆ.’

ಎರಡು ಪುಟ ಆಯಿತು. ಓದಿ ಹೇಳಿದರು. ದುರ್ಗಮ್ಮ ಪುಟಕ್ಕೊಂದು ಸಹಿ ಹಾಕಿದಳು. ಶಿವಶಂಕರಪ್ಪನವರು ಎದ್ದು ಹೋಗಿದ್ದರು. ಲತೀಫ್ ಹಿಂದಿನ ಬೆಂಚಿನಲ್ಲಿ ಟೋಪಿ ತೆಗೆದು ಮುಖಕ್ಕೆ ಒತ್ತಿಕೊಂಡು ಕೂತಿದ್ದ.

ಕೇಸು ಇನ್ನೂ ಮುಗಿದಿಲ್ಲ. ಎರಡನೇ ನೋಟಿಸು ಮರುತಿಂಗಳೇ ಬಂತು, ಈ ಸಲ ಇಬ್ಬರಿಗೆ. ಯೋಗರಾಜ್ ಹೊಸಮನೆಗೆ ತಾನೇ ಬಂದ. ಜಗಲಿಯ ಮೇಲೆ ಕೂತು, ಕಾಗದ ಪೆನ್ನು ತೆಗೆದು, ‘ಏನು ಬರೀಲಿ ದುರ್ಗಮ್ಮ?’ ಎಂದು ಕೇಳಿದ.

‘ಹೇಳಿದ್ದು ನಿಜ. ಹೇಳಿದವಳು ನಾನೇ. ಅಷ್ಟು ಬರೀರಿ ಸಾರ್.’

‘ಅಷ್ಟೇನಾ?’

‘ಅಷ್ಟೇ. ಓದಿ ಹೇಳಿ, ಆಮೇಲೆ ಸಹಿ ಹಾಕ್ತೀನಿ.’

ಅವನು ಬರೆದ. ಕನ್ನಡದಲ್ಲೇ ಬರೆದು, ಎರಡು ಸಲ ಓದಿ ಹೇಳಿದ.